1900ರ ಪ್ಯಾರಿಸ್, 1906ರ ಅಥೆನ್ಸ್: ಯಾವುದನ್ನು ಒಲಿಂಪಿಕ್ಸ್ ಎನ್ನಬೇಕು?

ಕಡತಪ್ರಿಯ

2024ರ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿ ಮನು ಭಾಕರ್ ಎರಡು ಕಂಚಿನ ಪದಕ ಗೆದ್ದಾಗ, ಒಂದೇ ಕೂಟದಲ್ಲಿ ಎರಡು ಪದಕ ಗೆದ್ದ ಮೊದಲ ಭಾರತೀಯರು ಎಂದು ಬರೆಯಲು ಹೊರಟವರೆಲ್ಲ ಅದರ ಮುಂದೆ ‘ಸ್ವಾತಂತ್ರ್ಯಾನಂತರ’ ಎಂದು ಸೇರಿಸಬೇಕಾಯಿತು. ಅದಕ್ಕೆ ಕಾರಣ 1900ರಲ್ಲಿ ಅದೇ ಪ್ಯಾರಿಸ್‌ನಲ್ಲಿ 200 ಮೀಟರ್ ಓಟ ಮತ್ತು 200 ಮೀಟರ್ ಹರ್ಡಲ್ಸ್ ಎರಡರಲ್ಲೂ ಎರಡನೆಯ ಸ್ಥಾನ ಪಡೆದ ನಾರ್ಮನ್ ಪ್ರಿಚರ್ಡ್. ಆತ ಕಲ್ಕತ್ತೆಯಲ್ಲಿ ಹುಟ್ಟಿ, ಅಲ್ಲಿನ ಸೇಂಟ್ ಝೇವಿಯರ್ಸ್ ಕಾಲೇಜಿನಲ್ಲಿ ಓದಿದವನು. ಮುಂದೆ ನಾರ್ಮನ್ ಟ್ರೆವರ್ ಎಂಬ ಹೆಸರಿನಿಂದ ಹಾಲಿವುಡ್‌ನಲ್ಲಿ ನಟನೂ ಆದ. ಅಂತರರಾಷ್ಟ್ರೀಯ ಒಲಿಂಪಿಕ್ ಸಮಿತಿ ಅವನ ಪದಕಗಳನ್ನು ಭಾರತದ ಲೆಕ್ಕದಲ್ಲಿ ಇಟ್ಟಿದೆ. ಅಥ್ಲೆಟಿಕ್ಸ್‌ನ ಅಂತರರಾಷ್ಟ್ರೀಯ ಒಕ್ಕೂಟ ಪ್ರಕಟಿಸಿದ ಅಂಕಿಅಂಶಗಳಲ್ಲಿ ಅವು ಬ್ರಿಟನ್ನಿನ ಲೆಕ್ಕದಲ್ಲಿವೆ.

ಪ್ರಿಚರ್ಡ್ ಯಾರವನು ಎಂಬ ವಾದ ಹಳೆಯದು, ಅದನ್ನು ಮತ್ತೆ ಕೆದಕುವುದು ನನ್ನ ಉದ್ದೇಶವಲ್ಲ. ನನ್ನ ಪ್ರಶ್ನೆ ಅದಕ್ಕೂ ಮೊದಲಿನದು. 1900ರಲ್ಲಿ ಪ್ಯಾರಿಸ್‌ನಲ್ಲಿ ನಡೆದದ್ದನ್ನು ಇಂದಿನ ಅರ್ಥದಲ್ಲಿ ಒಲಿಂಪಿಕ್ಸ್ ಎಂದು ಕರೆಯಬಹುದೇ? ಕರೆಯಬಹುದಾದರೆ, 1906ರಲ್ಲಿ ಅಥೆನ್ಸ್‌ನಲ್ಲಿ ಇಪ್ಪತ್ತು ದೇಶಗಳು ಸೇರಿ ನಡೆಸಿದ ಕೂಟವನ್ನು ಅದೇ ಪಟ್ಟಿಯಿಂದ ಹೊರಗಿಟ್ಟಿರುವುದು ಯಾವ ನ್ಯಾಯ? ಓದಿಕೊಂಡವರು ದಯವಿಟ್ಟು ವಿಸ್ತಾರವಾಗಿ ಬರೆಯಬೇಕು.

ಸಂಗ್ರಹಾಲಯದ ಮೂಲೆ

ಪ್ಯಾರಿಸ್‌ನಿಂದಲೇ ಆರಂಭಿಸುತ್ತೇನೆ. 1900ರಲ್ಲಿ ಅಲ್ಲಿ ಜಾಗತಿಕ ವಸ್ತುಪ್ರದರ್ಶನ ನಡೆಯುತ್ತಿತ್ತು. ಕ್ರೀಡಾಸ್ಪರ್ಧೆಗಳನ್ನು ಅದರ ಒಂದು ವಿಭಾಗವಾಗಿ ಸೇರಿಸಲಾಯಿತು. ಆಧುನಿಕ ಒಲಿಂಪಿಕ್ಸ್‌ಗೆ ಚಾಲನೆ ಕೊಟ್ಟ ಪಿಯರ್ ದ ಕೂಬರ್ತಾನ್ ತನ್ನದೇ ಊರಿನಲ್ಲಿ ತನ್ನದೇ ಕನಸಿನ ಕೂಟವನ್ನು ನಡೆಸಬೇಕೆಂದಿದ್ದರೂ ಆಡಳಿತ ಪ್ರದರ್ಶನದ ಅಧಿಕಾರಿಗಳ ಕೈಗೆ ಹೋಯಿತು, ಅವರ ಕಾಗದಪತ್ರಗಳಲ್ಲಿ ‘ಒಲಿಂಪಿಕ್’ ಎಂಬ ಹೆಸರು ಕಾಣುವುದೇ ಅಪರೂಪ. ಮೇ 14ರಿಂದ ಅಕ್ಟೋಬರ್ 28ರವರೆಗೆ, ಐದು ತಿಂಗಳಿಗೂ ಹೆಚ್ಚು ಕಾಲ, ನಗರದ ಬೇರೆಬೇರೆ ಮೂಲೆಗಳಲ್ಲಿ ಸ್ಪರ್ಧೆಗಳು ನಡೆದವು. ಓಟ ಮತ್ತು ಎಸೆತಗಳು ನಡೆದದ್ದು ಬುಲೋನ್ ಉದ್ಯಾನದ ಹುಲ್ಲುನೆಲದ ಮೇಲೆ, ಡಿಸ್ಕಸ್ ಎಸೆದರೆ ಮರಗಳಿಗೆ ತಾಗುವಂತಹ ಜಾಗದಲ್ಲಿ. ಈಜು ಸೇನ್ ನದಿಯಲ್ಲಿ ನಡೆಯಿತು.

ಯಾವುದು ಒಲಿಂಪಿಕ್ ಸ್ಪರ್ಧೆ, ಯಾವುದು ಬರಿಯ ಪ್ರದರ್ಶನದ ಮನರಂಜನೆ ಎಂಬ ಗೆರೆಯನ್ನು ಆಗ ಯಾರೂ ಎಳೆದಿರಲಿಲ್ಲ. ಬೆಂಕಿ ಆರಿಸುವ ಸ್ಪರ್ಧೆ ಇತ್ತು, ಬಲೂನ್ ಹಾರಾಟ ಇತ್ತು, ಜೀವಂತ ಪಾರಿವಾಳಗಳನ್ನು ಹೊಡೆಯುವ ಸ್ಪರ್ಧೆಯೂ ಇತ್ತು. ವಿದೇಶಿಯರಿಗೆ ಅವಕಾಶವಿತ್ತೇ, ಹವ್ಯಾಸಿಗಳಿಗೆ ಮೀಸಲಾಗಿತ್ತೇ, ಮುಂಚಿತವಾಗಿ ಅಂತರ ಬಿಟ್ಟುಕೊಡುವ ಹ್ಯಾಂಡಿಕ್ಯಾಪ್ ಸ್ಪರ್ಧೆಯಲ್ಲವೇ ಎಂದು ಒಂದೊಂದಾಗಿ ಸೋಸಿ ಪಟ್ಟಿ ಮಾಡಿದವರು ಬಹಳ ಕಾಲದ ನಂತರ ಬಂದ ಇತಿಹಾಸಕಾರರು. ಪದಕಗಳ ಮಾತೂ ಹಾಗೆಯೇ. ಮೊದಲ ಮೂರು ಸ್ಥಾನಗಳಿಗೆ ಚಿನ್ನ, ಬೆಳ್ಳಿ, ಕಂಚು ಕೊಡುವ ಪದ್ಧತಿ 1904ರಲ್ಲಿ ಆರಂಭವಾಯಿತು. ಪ್ಯಾರಿಸ್‌ನಲ್ಲಿ ಗೆದ್ದ ಹಲವರಿಗೆ ಸಿಕ್ಕದ್ದು ಬಟ್ಟಲು, ಕಲಾವಸ್ತು ಇತ್ಯಾದಿ. ಆದ್ದರಿಂದ ಪ್ರಿಚರ್ಡ್‌ನ ‘ಬೆಳ್ಳಿ’ ಎಂಬುದೇ ಹಿಂದಕ್ಕೆ ಹೋಗಿ ಬರೆದ ಲೆಕ್ಕ.

ಇದಕ್ಕೆ ಮಾರ್ಗರೆಟ್ ಅಬ್ಬಟ್‌ಗಿಂತ ಒಳ್ಳೆಯ ಸಾಕ್ಷಿ ಬೇಕಿಲ್ಲ. ಪ್ಯಾರಿಸ್‌ನಲ್ಲಿ ಕಲೆ ಓದುತ್ತಿದ್ದ ಈ ಅಮೆರಿಕನ್ ಯುವತಿ ಕೋಂಪಿಯೇನ್‌ನಲ್ಲಿ ಒಂಬತ್ತು ಕುಳಿಗಳ ಗಾಲ್ಫ್ ಪಂದ್ಯವೊಂದರಲ್ಲಿ ಭಾಗವಹಿಸಿ, 47 ಹೊಡೆತಗಳಲ್ಲಿ ಮುಗಿಸಿ ಗೆದ್ದರು. ಬಹುಮಾನವಾಗಿ ಬಂದದ್ದು ಪಿಂಗಾಣಿಯ ಬಟ್ಟಲು. ತಾನು ಆಡಿದ್ದು ಒಲಿಂಪಿಕ್ಸ್ ಎಂದು ತಿಳಿಯದೆಯೇ ಅವರು 1955ರಲ್ಲಿ ತೀರಿಕೊಂಡರು. ಪ್ರಿಚರ್ಡ್‌ನನ್ನು ನಮ್ಮವನೆನ್ನುವವರಿಗಾಗಿ ಒಂದು ಮಾತು ಸೇರಿಸುತ್ತೇನೆ: ಅಬ್ಬಟ್ ಹುಟ್ಟಿದ್ದೂ ಕಲ್ಕತ್ತೆಯಲ್ಲಿಯೇ.

ಘಟಪ್ರಭೆಯ ದಂಡೆ

ಹುಟ್ಟೂರಿನ ಮಾತು ಬಂದುದರಿಂದ ನಮ್ಮ ಬಾಗಲಕೋಟೆ ಜಿಲ್ಲೆಯನ್ನೂ ಇಲ್ಲಿಗೆ ತರುತ್ತೇನೆ. 1896ರ ಅಥೆನ್ಸ್ ಕೂಟದಲ್ಲಿ ಭಾರ ಎತ್ತುವ ಸ್ಪರ್ಧೆ ಗೆದ್ದು ಬ್ರಿಟನ್ನಿನ ಮೊದಲ ಒಲಿಂಪಿಕ್ ವಿಜೇತ ಎನಿಸಿಕೊಂಡ ಲಾನ್ಸೆಸ್ಟನ್ ಎಲಿಯಟ್ 1874ರಲ್ಲಿ ಹುಟ್ಟಿದ್ದು ಕಲಾದಗಿಯಲ್ಲಿ. ಕಲಾದಗಿ ಆಗ ಮುಂಬಯಿ ಪ್ರಾಂತ್ಯದ ಒಂದು ಜಿಲ್ಲಾ ಕೇಂದ್ರ. ಎಲಿಯಟ್‌ನ ತಂದೆ ಬ್ರಿಟಿಷ್ ಆಡಳಿತದಲ್ಲಿ ಮ್ಯಾಜಿಸ್ಟ್ರೇಟ್ ಆಗಿದ್ದರು. ಹುಡುಗ ಬೆಳೆದು ಇಂಗ್ಲೆಂಡಿಗೆ ಹೋಗಿ, ದೇಹದಾರ್ಢ್ಯಕ್ಕೆ ಹೆಸರಾದ ಯೂಜೆನ್ ಸ್ಯಾಂಡೋ ಅವರ ಕೈಯಲ್ಲಿ ಪಳಗಿದ.

ಆ ಸ್ಪರ್ಧೆ ನಡೆದ ರೀತಿಯನ್ನು ನೋಡಿದರೆ, ಆರಂಭದ ದಿನಗಳಲ್ಲಿ ನಿಯಮಗಳು ಎಷ್ಟು ಸಡಿಲವಾಗಿದ್ದವು ಎಂಬುದು ಗೊತ್ತಾಗುತ್ತದೆ. ತೂಕದ ವರ್ಗಗಳಿರಲಿಲ್ಲ, ಎಲ್ಲರೂ ಒಂದೇ ಕಣದಲ್ಲಿ ಎತ್ತಬೇಕು. ಎರಡು ಕೈಗಳ ಸ್ಪರ್ಧೆಯಲ್ಲಿ ಎಲಿಯಟ್ ಮತ್ತು ಡೆನ್ಮಾರ್ಕಿನ ವಿಗ್ಗೊ ಜೆನ್ಸನ್ ಇಬ್ಬರೂ 111.5 ಕಿಲೋ ಎತ್ತಿದರು. ತೀರ್ಪುಗಾರನಾಗಿದ್ದ ಗ್ರೀಸಿನ ರಾಜಕುಮಾರ ಜಾರ್ಜ್, ಎಲಿಯಟ್ ಎತ್ತುವಾಗ ಪಾದ ಸರಿಸಿದ, ಜೆನ್ಸನ್‌ನ ಶೈಲಿ ಚೊಕ್ಕವಾಗಿತ್ತು ಎಂದು ಡೇನಿಗೆ ಮೊದಲ ಸ್ಥಾನ ಕೊಟ್ಟ. ನಂತರ ಒಂದು ಕೈಯ ಸ್ಪರ್ಧೆಯಲ್ಲಿ ಭುಜಕ್ಕೆ ಪೆಟ್ಟು ಮಾಡಿಕೊಂಡಿದ್ದ ಜೆನ್ಸನ್ 57 ಕಿಲೋ ಆಸುಪಾಸಿನಲ್ಲಿ ನಿಂತರೆ, ಎಲಿಯಟ್ 71 ಕಿಲೋ ಎತ್ತಿ ಗೆದ್ದ. ಸ್ಪರ್ಧೆಯ ನಡುವೆ ಒಂದು ಭಾರವನ್ನು ಪಕ್ಕಕ್ಕೆ ಸರಿಸಲು ಹೇಳಿದಾಗ ಸೇವಕನೊಬ್ಬ ಒದ್ದಾಡಿ ಸೋತನಂತೆ, ಆಗ ಆಜಾನುಬಾಹುವಾಗಿದ್ದ ರಾಜಕುಮಾರನೇ ಇಳಿದು ಬಂದು ಅದನ್ನು ಲೀಲಾಜಾಲವಾಗಿ ಎತ್ತಿ ಆಚೆ ಎಸೆದನಂತೆ. ಕೂಟದ ಅಧಿಕೃತ ವರದಿಯಲ್ಲಿಯೂ ಈ ಪ್ರಸಂಗಕ್ಕೆ ಜಾಗ ಸಿಕ್ಕಿದೆ.

ಇದೇ ಎಲಿಯಟ್ 100 ಮೀಟರ್ ಓಡಿದ, ಹಗ್ಗ ಹತ್ತಿದ, ಕುಸ್ತಿಗೂ ಇಳಿದು ಜರ್ಮನಿಯ ಕಾರ್ಲ್ ಶೂಮನ್‌ಗೆ ಸೋತ. ಶೂಮನ್‌ನಾದರೂ ಕುಸ್ತಿಪಟುವೇ ಎಂದರೆ, ಜಿಮ್ನಾಸ್ಟಿಕ್ಸ್‌ನಲ್ಲಿ ಗೆದ್ದವನೂ ಅವನೇ. ಕಲಾದಗಿಯಲ್ಲಿ ಹುಟ್ಟಿದ ಎಂಬ ಕಾರಣಕ್ಕೆ ಎಲಿಯಟ್‌ನ ಪದಕವನ್ನು ಭಾರತಕ್ಕೆ ಕೊಡಿ ಎಂದು ಯಾರೂ ಕೇಳಿಲ್ಲ, ಕೇಳುವುದೂ ಸರಿಯಲ್ಲ. ಆದರೆ ಪ್ರಿಚರ್ಡ್‌ಗೆ ಒಂದು ನ್ಯಾಯ, ಎಲಿಯಟ್ ಮತ್ತು ಅಬ್ಬಟ್‌ಗೆ ಇನ್ನೊಂದು ನ್ಯಾಯ ಏಕೆ ಎಂಬುದನ್ನು ಪಟ್ಟಿ ಮಾಡಿದವರು ಹೇಳಬೇಕಾಗುತ್ತದೆ.

ನಿಯಮಪಾಲಕ

ಘಟಪ್ರಭೆಯವರೇ, ವ್ಯತ್ಯಾಸ ಸ್ಪಷ್ಟವಾಗಿಯೇ ಇದೆ. ಎಲಿಯಟ್ ಮತ್ತು ಅಬ್ಬಟ್ ಚಿಕ್ಕಂದಿನಲ್ಲೇ ಭಾರತ ಬಿಟ್ಟವರು. ಪ್ರಿಚರ್ಡ್ ಹಾಗಲ್ಲ. ಬಂಗಾಳದ ಅಥ್ಲೆಟಿಕ್ ಕೂಟಗಳಲ್ಲಿ ವರ್ಷಗಟ್ಟಲೆ ಓಡಿ ಗೆದ್ದು, ವಯಸ್ಕನಾದ ಮೇಲೆ ಪ್ಯಾರಿಸ್‌ಗೆ ಹೋದವನು. ಅವನ ಓಟ ರೂಪುಗೊಂಡದ್ದು ಇಲ್ಲಿಯ ಮೈದಾನಗಳಲ್ಲಿ.

1906ರ ವಿಷಯದಲ್ಲಿಯೂ ನನಗೆ ಗೊಂದಲವಿಲ್ಲ. ಒಲಿಂಪಿಯಾಡ್ ಎಂದರೆ ನಾಲ್ಕು ವರ್ಷಗಳ ಎಣಿಕೆ. 1896, 1900, 1904, 1908 ಎಂದು ಲೆಕ್ಕ ಇಟ್ಟ ಮೇಲೆ ನಡುವೆ 1906ನ್ನು ತುರುಕಲು ಬರುವುದಿಲ್ಲ. ಕೂಟ ಚೆನ್ನಾಗಿ ನಡೆಯಿತು ಎಂಬ ಕಾರಣಕ್ಕೆ ಮಾನ್ಯತೆ ಕೊಡುತ್ತಾ ಹೋದರೆ, ಕೆಟ್ಟದಾಗಿ ನಡೆದವುಗಳ ಮಾನ್ಯತೆಯನ್ನು ಕಿತ್ತುಕೊಳ್ಳಬೇಕಾಗುತ್ತದೆ.

ಸಂಗ್ರಹಾಲಯದ ಮೂಲೆ

ನಿಯಮಪಾಲಕರೇ, ಪ್ರಿಚರ್ಡ್ ಪ್ಯಾರಿಸ್‌ಗೆ ನೇರವಾಗಿ ಕಲ್ಕತ್ತೆಯಿಂದ ಹೋಗಲಿಲ್ಲ. 1900ರ ಜುಲೈನಲ್ಲಿ ಲಂಡನ್ನಿನ ಅಥ್ಲೆಟಿಕ್ಸ್ ಚಾಂಪಿಯನ್‌ಶಿಪ್‌ನಲ್ಲಿ ಹರ್ಡಲ್ಸ್ ಓಡಿ ಎರಡನೆಯವನಾದ, ಅಲ್ಲಿಂದ ಪ್ಯಾರಿಸ್‌ಗೆ ಹೋದ. ಬ್ರಿಟನ್ನಿನ ಪರ ವಾದಿಸುವವರು ಹಿಡಿಯುವ ಎಳೆ ಅದು. ಎರಡೂ ಕಡೆಯವರು ಮರೆಯುವ ಸಂಗತಿಯೆಂದರೆ, ಆ ಕಾಲದಲ್ಲಿ ಬಹುತೇಕ ಕ್ರೀಡಾಪಟುಗಳು ಕ್ಲಬ್ಬಿನ ಅಥವಾ ಕಾಲೇಜಿನ ಹೆಸರಿನಲ್ಲಿ, ಇಲ್ಲವೇ ತಮ್ಮದೇ ಖರ್ಚಿನಲ್ಲಿ ಬರುತ್ತಿದ್ದರೇ ಹೊರತು ರಾಷ್ಟ್ರವೊಂದು ಅವರನ್ನು ಆರಿಸಿ ಕಳುಹಿಸುತ್ತಿರಲಿಲ್ಲ. 1896ರಲ್ಲಿ ಅಥೆನ್ಸ್ ನೋಡಲು ಬಂದಿದ್ದ ಐರಿಷ್ ಯುವಕ ಜಾನ್ ಪಯಸ್ ಬೋಲಂಡ್ ಟೆನಿಸ್‌ನಲ್ಲಿ ಹೆಸರು ಕೊಟ್ಟು, ಸಿಂಗಲ್ಸ್ ಗೆದ್ದುದಲ್ಲದೆ ಜರ್ಮನಿಯ ಫ್ರಿಟ್ಜ್ ಟ್ರೌನ್ ಜೊತೆ ಸೇರಿ ಡಬಲ್ಸ್ ಕೂಡ ಗೆದ್ದ. ಆ ಡಬಲ್ಸ್ ಯಾವ ದೇಶದ್ದು?

ಪ್ಯಾರಿಸ್‌ನ ದೋಣಿಸ್ಪರ್ಧೆಯಲ್ಲಿ ಡಚ್ ಜೋಡಿ ಬ್ರಾಂಟ್ ಮತ್ತು ಕ್ಲೈನ್ ತಮ್ಮ ಚುಕ್ಕಾಣಿಗಾರ ಭಾರವಾದನೆಂದು, ಸುಮಾರು ಅರುವತ್ತು ಕಿಲೋ ತೂಗುತ್ತಿದ್ದ ಅವನನ್ನು ಇಳಿಸಿ, ದಂಡೆಯಲ್ಲಿದ್ದ ಸುಮಾರು ಮೂವತ್ತಮೂರು ಕಿಲೋ ತೂಕದ ಹುಡುಗನೊಬ್ಬನನ್ನು ಕೂರಿಸಿಕೊಂಡು ಗೆದ್ದರು. ಹುಡುಗ ಅವರೊಡನೆ ನಿಂತು ಚಿತ್ರ ತೆಗೆಸಿಕೊಂಡ. ಅವನ ಹೆಸರನ್ನು ಮಾತ್ರ ಅಂದು ಯಾರೂ ಬರೆದುಕೊಳ್ಳಲಿಲ್ಲ. ಒಲಿಂಪಿಕ್ ವಿಜೇತನೊಬ್ಬನ ಹೆಸರೇ ದಾಖಲಾಗದ ಕೂಟದಲ್ಲಿ, ದೇಶದ ಕಾಲಂ ತುಂಬುವ ಕೆಲಸ ಎಷ್ಟು ನಂಬಲರ್ಹ ಎಂದು ಯೋಚಿಸಿ.

ಲೆಗ್ ಸ್ಪಿನ್

ಕ್ರಿಕೆಟ್ ಪ್ರಸಂಗವನ್ನು ಯಾರೂ ಬರೆಯಲಿಲ್ಲವೆಂದು ಚಿಕ್ಕದಾಗಿ ಸೇರಿಸುತ್ತಿದ್ದೇನೆ. 1900ರ ಆಗಸ್ಟ್ 19 ಮತ್ತು 20ರಂದು ಪ್ಯಾರಿಸ್‌ನ ಸೈಕಲ್ ಕ್ರೀಡಾಂಗಣವೊಂದರಲ್ಲಿ ಒಂದೇ ಒಂದು ಪಂದ್ಯ ನಡೆಯಿತು. ಬ್ರಿಟನ್ನಿನ ಪರ ಆಡಿದ್ದು ಪ್ರವಾಸ ಹೊರಟಿದ್ದ ಡೆವನ್ ಮತ್ತು ಸಾಮರ್ಸೆಟ್ ವಾಂಡರರ್ಸ್ ಎಂಬ ಕ್ಲಬ್ ತಂಡ. ಫ್ರಾನ್ಸ್ ತಂಡದಲ್ಲಿ ಇದ್ದವರು ಬಹುಪಾಲು ಪ್ಯಾರಿಸ್‌ನಲ್ಲಿ ನೆಲೆಸಿದ್ದ ಇಂಗ್ಲಿಷರೇ. ಒಂದೊಂದು ಕಡೆಯಲ್ಲೂ ಹನ್ನೆರಡು ಜನ ಆಡಿದರು, ಬ್ರಿಟನ್ 158 ರನ್‌ಗಳಿಂದ ಗೆದ್ದಿತು. 2028ರ ಲಾಸ್ ಏಂಜಲೀಸ್‌ಗೆ ಕ್ರಿಕೆಟ್ ‘ಮರಳುತ್ತಿದೆ’ ಎಂದು ಸಂಭ್ರಮಿಸುವಾಗ ಮರಳುತ್ತಿರುವುದು ಎಲ್ಲಿಗೆ ಎಂದರೆ ಈ ಒಂದು ಪಂದ್ಯಕ್ಕೆ.

ಮಾರ್ಗಸೂಚಿ

1904ರ ಸೇಂಟ್ ಲೂಯಿಸ್ ಬಗ್ಗೆ ಕೆಲವು ಮಾತು. ಕೂಟ ಮೊದಲು ಶಿಕಾಗೋಗೆ ಸಂದಿತ್ತು. ಸೇಂಟ್ ಲೂಯಿಸ್‌ನಲ್ಲಿ ನಡೆಯಲಿದ್ದ ವಸ್ತುಪ್ರದರ್ಶನದವರ ಒತ್ತಾಯಕ್ಕೆ ಅಲ್ಲಿಗೆ ಸ್ಥಳಾಂತರಗೊಂಡು, ಪುನಃ ಜಾತ್ರೆಯ ಅಂಗವಾಯಿತು. ಯುರೋಪಿನಿಂದ ಅಷ್ಟು ದೂರ ಬರುವವರು ಕಡಿಮೆ, ಸ್ವತಃ ಕೂಬರ್ತಾನ್ ಕೂಡ ಹೋಗಲಿಲ್ಲ. ಸ್ಪರ್ಧಿಗಳಲ್ಲಿ ಬಹುದೊಡ್ಡ ಪಾಲು ಅಮೆರಿಕನ್ನರೇ.

ಅಲ್ಲಿಯ ಮ್ಯಾರಥಾನ್ ನಗೆಯ ಪ್ರಸಂಗವಾಗಿ ಎಲ್ಲರ ಬಾಯಲ್ಲಿದೆ: ಫ್ರೆಡ್ ಲಾರ್ಜ್ ದಾರಿಯಲ್ಲಿ ಕಾರು ಹತ್ತಿದ್ದು, ಥಾಮಸ್ ಹಿಕ್ಸ್‌ಗೆ ಸ್ಟ್ರಿಕ್ನಿನ್ ಎಂಬ ವಿಷ ಮತ್ತು ಬ್ರಾಂದಿ ಕುಡಿಸಿ ಓಡಿಸಿದ್ದು, ಕ್ಯೂಬಾದ ಫೆಲಿಕ್ಸ್ ಕರ್ವಹಾಲ್ ನಾಲ್ಕನೆಯವನಾದದ್ದು. ಮೂವತ್ತೆರಡು ಮಂದಿ ಹೊರಟು ಹದಿನಾಲ್ಕು ಮಂದಿ ಮುಗಿಸಿದರು. ನನಗೆ ಮುಖ್ಯವೆನಿಸುವುದು ಒಂಬತ್ತನೆಯ ಮತ್ತು ಹನ್ನೆರಡನೆಯ ಸ್ಥಾನಗಳು. ದಕ್ಷಿಣ ಆಫ್ರಿಕಾದ ಲೆನ್ ತೌನ್ಯಾನೆ ಮತ್ತು ಯಾನ್ ಮಶಿಯಾನಿ ಓಟಗಾರರಾಗಿ ಅಲ್ಲಿಗೆ ಬಂದವರಲ್ಲ, ಪ್ರದರ್ಶನದಲ್ಲಿ ಬೋಯರ್ ಯುದ್ಧವನ್ನು ಆಡಿ ತೋರಿಸುತ್ತಿದ್ದ ತಂಡದ ಜೊತೆ ಬಂದವರು. ಆಫ್ರಿಕಾದಿಂದ ಒಲಿಂಪಿಕ್ಸ್‌ನಲ್ಲಿ ಓಡಿದ ಮೊದಲ ಕರಿಯರು ಅವರೇ ಆದರು. ಅದಕ್ಕೆ ಕೆಲವು ವಾರಗಳ ಹಿಂದೆ, ಆಗಸ್ಟ್ 12 ಮತ್ತು 13ರಂದು, ಪ್ರದರ್ಶನಕ್ಕೆಂದು ಕರೆತಂದಿದ್ದ ಮೂಲನಿವಾಸಿಗಳನ್ನು ಯಾವ ತಯಾರಿಯೂ ಇಲ್ಲದೆ ಓಡಿಸಿ, ಎಸೆಯಲು ಹಚ್ಚಿ, ಅವರ ಫಲಿತಾಂಶವನ್ನು ಬಿಳಿಯರ ದಾಖಲೆಗಳೊಂದಿಗೆ ಹೋಲಿಸಿ ‘ಮಾನವಶಾಸ್ತ್ರದ ದಿನಗಳು’ ಎಂದು ಕರೆದ ನಾಚಿಕೆಗೇಡು ಕೂಡ ನಡೆದಿತ್ತು. ಅದು ಒಲಿಂಪಿಕ್ಸ್‌ನ ಭಾಗವಲ್ಲ ಎಂದು ಇಂದು ಪ್ರತ್ಯೇಕಿಸುತ್ತಾರೆ. ಎರಡನ್ನೂ ನಡೆಸಿದವರು ಒಂದೇ ಕ್ರೀಡಾ ವಿಭಾಗದವರು, ಜೇಮ್ಸ್ ಸಲ್ಲಿವನ್ ಅವರ ಮುಂದಾಳತ್ವದಲ್ಲಿ. ಪಟ್ಟಿಯ ಗೆರೆ ಎಲ್ಲಿ ಅನುಕೂಲವೋ ಅಲ್ಲಿ ಎಳೆಯಲ್ಪಟ್ಟಿದೆ ಎನ್ನಲು ನನಗೆ ಸಂಕೋಚವಿಲ್ಲ.

ಸಂಗ್ರಹಾಲಯದ ಮೂಲೆ

ಇನ್ನು 1906. ಮೊದಲ ಕೂಟದ ಯಶಸ್ಸಿನ ನಂತರ ಕ್ರೀಡಾಕೂಟವನ್ನು ಶಾಶ್ವತವಾಗಿ ತಮ್ಮಲ್ಲೇ ಉಳಿಸಿಕೊಳ್ಳಬೇಕೆಂಬುದು ಗ್ರೀಕರ ಆಸೆ. ಊರೂರಿಗೆ ಒಯ್ಯಬೇಕೆಂಬುದು ಕೂಬರ್ತಾನ್ ಹಟ. ರಾಜಿಯಾಗಿ, ಎರಡು ಅಂತರರಾಷ್ಟ್ರೀಯ ಕೂಟಗಳ ನಡುವಿನ ವರ್ಷದಲ್ಲಿ ಅಥೆನ್ಸ್‌ನಲ್ಲಿ ಒಂದು ಕೂಟ ಎಂದಾಯಿತು. ಏಪ್ರಿಲ್ 22ರಿಂದ ಮೇ 2ರವರೆಗೆ, ಅಂದರೆ ಹನ್ನೊಂದು ದಿನಗಳಲ್ಲಿ, ಅಲೆಕ್ಸಾಂಡ್ರಿಯಾದ ವರ್ತಕ ಜಾರ್ಜ್ ಅವೆರೋಫ್ ನೀಡಿದ ಹಣದಿಂದ 1896ಕ್ಕೆ ಜೀರ್ಣೋದ್ಧಾರಗೊಂಡಿದ್ದ ಅದೇ ಅಮೃತಶಿಲೆಯ ಕ್ರೀಡಾಂಗಣದಲ್ಲಿ ಕೂಟ ನಡೆಯಿತು. ಎರಡು ಬಾರಿ ಜಾತ್ರೆಯ ಗದ್ದಲದಲ್ಲಿ ಕಳೆದುಹೋಗಿದ್ದ ಒಲಿಂಪಿಕ್ಸ್‌ಗೆ ಪುನಃ ತನ್ನದೇ ನೆಲ, ತನ್ನದೇ ಪ್ರೇಕ್ಷಕರು ಸಿಕ್ಕರು.

ಇಂದು ಒಲಿಂಪಿಕ್ಸ್ ಎಂದಾಕ್ಷಣ ಕಣ್ಣೆದುರು ಬರುವ ಎಷ್ಟೋ ಸಂಗತಿಗಳು ಗಟ್ಟಿಯಾದದ್ದು ಅಲ್ಲಿಯೇ. ಕ್ರೀಡಾಪಟುಗಳು ರಾಷ್ಟ್ರೀಯ ಸಮಿತಿಗಳ ಮೂಲಕ ಬಂದರು, ಉದ್ಘಾಟನೆಯಂದು ತಮ್ಮತಮ್ಮ ದೇಶದ ಧ್ವಜದ ಹಿಂದೆ ಸಾಲಾಗಿ ನಡೆದರು, ಗೆದ್ದವರಿಗಾಗಿ ಧ್ವಜ ಏರಿಸಲಾಯಿತು. ದೇಶದ ಕಾಲಂ ಬಂದ ಕ್ಷಣದಲ್ಲೇ ಅದರ ಜಗಳವೂ ಬಂತು. ಐರ್ಲೆಂಡಿನ ಪೀಟರ್ ಓ’ಕಾನರ್ ಉದ್ದಜಿಗಿತದಲ್ಲಿ ಎರಡನೆಯವನಾದಾಗ ಅವನಿಗಾಗಿ ಏರಬೇಕಾದದ್ದು ಬ್ರಿಟನ್ನಿನ ಧ್ವಜ, ಏಕೆಂದರೆ ಐರ್ಲೆಂಡಿಗೆ ಪ್ರತ್ಯೇಕ ಸಮಿತಿ ಇರಲಿಲ್ಲ. ಆತ ಕಂಬವನ್ನೇ ಹತ್ತಿ, ‘ಐರ್ಲೆಂಡ್ ಚಿರಾಯುವಾಗಲಿ’ ಎಂಬರ್ಥದ ಐರಿಷ್ ಮಾತುಗಳಿದ್ದ ಹಸಿರು ಬಾವುಟವನ್ನು ಬೀಸಿದ. ಅವನ ಸಂಗಾತಿಗಳು ಕೆಳಗೆ ಕಾವಲು ನಿಂತಿದ್ದರು. ಆರು ವರ್ಷಗಳ ಹಿಂದೆ ಪ್ರಿಚರ್ಡ್ ಓಡಿದಾಗ ಇಂತಹ ಪ್ರಶ್ನೆ ಹುಟ್ಟುವುದಕ್ಕೆ ಧ್ವಜದ ಕಂಬವೇ ಇರಲಿಲ್ಲ.

1910ರಲ್ಲಿ ಗ್ರೀಸಿನ ರಾಜಕೀಯ ಪರಿಸ್ಥಿತಿಯಿಂದ ಅಥೆನ್ಸ್ ಕೂಟ ನಡೆಯಲಿಲ್ಲ, ಮುಂದೆ ಬಾಲ್ಕನ್ ಯುದ್ಧಗಳು ಬಂದವು, ಯೋಜನೆಯೇ ಬಿದ್ದುಹೋಯಿತು. ಹಂಗೇರಿಯ ಫೆರೆನ್ಸ್ ಮೆಜೋ ಎಂಬ ಇತಿಹಾಸಕಾರ, ಒಲಿಂಪಿಕ್ ಸಮಿತಿಯ ಸದಸ್ಯರೂ ಆಗಿದ್ದವರು, 1906ಕ್ಕೆ ಮಾನ್ಯತೆ ಕೊಡಬೇಕೆಂದು ಒತ್ತಾಯಿಸಿದರು. (ಇವರು ಸ್ವತಃ 1928ರಲ್ಲಿ ಒಲಿಂಪಿಕ್ಸ್‌ನ ಸಾಹಿತ್ಯ ಸ್ಪರ್ಧೆಯಲ್ಲಿ ಚಿನ್ನ ಗೆದ್ದವರು. ಸಾಹಿತ್ಯಕ್ಕೂ ಪದಕ ಕೊಡುತ್ತಿದ್ದ ಕಾಲವದು.) ಏವರಿ ಬ್ರಂಡೇಜ್ ಅಧ್ಯಕ್ಷತೆಯ ಆಯೋಗ 1949ರಲ್ಲಿ ಆ ಮನವಿಯನ್ನು ತಿರಸ್ಕರಿಸಿತು. ನಿಯಮಪಾಲಕರ ವಾದ ಬ್ರಂಡೇಜ್ ಆಯೋಗದ ಪಕ್ಕದಲ್ಲಿ ನಿಲ್ಲುತ್ತದೆ, ಅದನ್ನು ಗೌರವಿಸುತ್ತೇನೆ. ಆದರೆ ಕ್ಯಾಲೆಂಡರ್ ಸರಿಹೋದ ಮಾತ್ರಕ್ಕೆ ಪಾರಿವಾಳ ಹೊಡೆದದ್ದನ್ನು ಒಲಿಂಪಿಕ್ಸ್ ಪಟ್ಟಿಗೆ ಸೇರಿಸಬೇಕೇ ಎಂದು ಚರ್ಚಿಸುತ್ತಾ, ಓ’ಕಾನರ್ ಕಂಬ ಹತ್ತಿದ್ದನ್ನು ಪಟ್ಟಿಯ ಹೊರಗೆ ನಿಲ್ಲಿಸುವುದು ಇತಿಹಾಸದ ಕೆಲಸವಾಗಲಾರದು.

ನಿಯಮಪಾಲಕ

1906ರ ಮಹತ್ವವನ್ನು ನಾನು ಅಲ್ಲಗಳೆದಿಲ್ಲ. ರಾಷ್ಟ್ರೀಯ ಸಮಿತಿಗಳ ಮೂಲಕ ಮಾತ್ರ ಪ್ರವೇಶ ಎಂಬುದು ನಿಯಮವಾಗಿ ನೆಲೆಯೂರಿದ್ದು 1908ರ ಲಂಡನ್‌ನಲ್ಲಿ. ಅಲ್ಲಿ ತೀರ್ಪುಗಾರರೆಲ್ಲ ಬ್ರಿಟಿಷರೇ ಆಗಿದ್ದುದರಿಂದ ಅಮೆರಿಕನ್ನರೊಂದಿಗೆ ಆದ ಜಗಳ, 400 ಮೀಟರ್ ಫೈನಲ್‌ನ ಮರು ಓಟದಲ್ಲಿ ವಿಂಡಮ್ ಹಾಲ್ಸ್‌ವೆಲ್ ಒಬ್ಬನೇ ಓಡಿ ಗೆದ್ದದ್ದು, ಇವೆಲ್ಲದರ ಫಲವಾಗಿಯೇ ಒಂದೊಂದು ಕ್ರೀಡೆಗೂ ಅಂತರರಾಷ್ಟ್ರೀಯ ಒಕ್ಕೂಟವೇ ನಿಯಮ ರೂಪಿಸಬೇಕೆಂಬ ತಿಳಿವಳಿಕೆ ಬಲಗೊಂಡಿತು. ಅಥ್ಲೆಟಿಕ್ಸ್ ಒಕ್ಕೂಟ 1912ರಲ್ಲಿ ಹುಟ್ಟಿತು. ಮಾನ್ಯತೆ ಬೇರೆ, ಪ್ರಭಾವ ಬೇರೆ ಎಂಬುದಷ್ಟೇ ನನ್ನ ಮಾತು.

ಕಿತ್ತೂರು ಸೀಮೆ

ಹಾಗಾದರೆ ಭಾರತ ಎಂಬ ಹೆಸರಿನಲ್ಲಿ, ಒಂದು ಸಮಿತಿಯ ಮೂಲಕ, ಆರಿಸಿ ಕಳುಹಿಸಿದ ತಂಡ ಮೊದಲು ಹೋದದ್ದು ಯಾವಾಗ ಎಂಬುದಕ್ಕೆ ಉತ್ತರ 1920ರ ಆಂಟ್‌ವರ್ಪ್. ಅದರಲ್ಲಿ ನಮ್ಮ ಬೆಳಗಾವಿಯ ಪಾಲಿದೆ. ಪುಣೆಯ ಡೆಕ್ಕನ್ ಜಿಮ್ಖಾನಾದ ಅಧ್ಯಕ್ಷರಾಗಿದ್ದ ದೋರಾಬ್ಜಿ ಟಾಟಾ ಅವರು ಅಲ್ಲಿಯ ಕ್ರೀಡಾಕೂಟದಲ್ಲಿ ರೈತಾಪಿ ಹುಡುಗರು ಬರಿಗಾಲಿನಲ್ಲಿ ದೂರದ ಓಟಗಳನ್ನು ಓಡುವುದನ್ನು ಕಂಡು, ಇವರನ್ನು ಒಲಿಂಪಿಕ್ಸ್‌ಗೆ ಏಕೆ ಕಳುಹಿಸಬಾರದು ಎಂದು ಯೋಚಿಸಿದರು. ಖರ್ಚಿನ ಒಂದು ಪಾಲನ್ನು ತಾವೇ ಹೊತ್ತರು. ನೂರು ಗಜದ ಓಟಕ್ಕೆ ಅರ್ಹತೆಯ ಸಮಯ ಎಷ್ಟಿರಬೇಕು ಎಂದು ಕೇಳಿದಾಗ ಸಮಿತಿಯ ಪ್ರಮುಖರೊಬ್ಬರು ಒಂದೆರಡು ನಿಮಿಷ ಇರಬಹುದು ಎಂದರೆಂದು ದೋರಾಬ್ಜಿಯವರೇ ನಂತರ ಪತ್ರವೊಂದರಲ್ಲಿ ನೆನೆದಿದ್ದಾರೆ. ಅನುಭವ ಅಷ್ಟರಮಟ್ಟಿಗಿತ್ತು.

ಆರು ಮಂದಿಯ ತಂಡ ಹೋಯಿತು: ನಾಲ್ವರು ಓಟಗಾರರು, ಇಬ್ಬರು ಕುಸ್ತಿಪಟುಗಳು. ಓಟಗಾರರಲ್ಲಿ ಒಬ್ಬರು ಬೆಳಗಾವಿಯ ಫಡೆಪ್ಪ ದರೆಪ್ಪ ಚೌಗುಲೆ. ಹೆಸರು ಕೇಳಿದರೆ ಸಾಕು, ಯಾವ ಸೀಮೆಯವರೆಂದು ನಮ್ಮ ಕಡೆಯವರಿಗೆ ಬೇರೆ ಹೇಳಬೇಕಾಗಿಲ್ಲ. ಅಂದಿನ ಮ್ಯಾರಥಾನ್ ಈಗಿನ 42.195 ಕಿಲೋಮೀಟರ್ ಅಲ್ಲ, 42.75 ಕಿಲೋಮೀಟರ್, ಒಲಿಂಪಿಕ್ಸ್ ಇತಿಹಾಸದಲ್ಲಿಯೇ ಅತಿ ಉದ್ದದ್ದು. ಮಳೆ, ಚಳಿ. ಫಿನ್ಲೆಂಡಿನ ಹಾನ್ಸ್ ಕೊಲೆಹ್ಮೈನನ್ 2 ಗಂಟೆ 32 ನಿಮಿಷ 35.8 ಸೆಕೆಂಡುಗಳಲ್ಲಿ ಗೆದ್ದ. ಚೌಗುಲೆಯವರು 2 ಗಂಟೆ 50 ನಿಮಿಷ 45.4 ಸೆಕೆಂಡುಗಳಲ್ಲಿ ಮುಗಿಸಿ 19ನೆಯವರಾದರು. ಡೆಕ್ಕನ್ನಿನ ಬಿಸಿಲಿನಲ್ಲಿ ಓಡಿ ಬೆಳೆದವರು ಯುರೋಪಿನ ಮಳೆಯಲ್ಲಿ ಮೊದಲ ಯತ್ನದಲ್ಲೇ ಇಷ್ಟು ಮಾಡಿದ್ದು ಸಣ್ಣದಲ್ಲ. ಕುಸ್ತಿಯಲ್ಲಿ ರಣಧೀರ್ ಶಿಂದೆಸ್ ಸೆಮಿಫೈನಲ್‌ವರೆಗೆ ಹೋಗಿ, ಪದಕ ಕೂದಲೆಳೆಯಲ್ಲಿ ತಪ್ಪಿ ನಾಲ್ಕನೆಯವರಾದರು.

ಪದಕದ ಪಟ್ಟಿಯನ್ನು ಮಾತ್ರ ಇತಿಹಾಸವೆಂದುಕೊಂಡರೆ ಪ್ರಿಚರ್ಡ್ ಮೊದಲನೆಯವನಾಗುತ್ತಾನೆ, ಚೌಗುಲೆಯವರು ಕಾಣುವುದೇ ಇಲ್ಲ. ನನ್ನ ಮಟ್ಟಿಗೆ ಭಾರತದ ಒಲಿಂಪಿಕ್ಸ್ ಕಥೆ ಆರಂಭವಾಗುವುದು ಆಂಟ್‌ವರ್ಪ್‌ನ ಆ ಒದ್ದೆ ರಸ್ತೆಯಲ್ಲಿ.

ಪೂರ್ವದಿಕ್ಕು

ಚರ್ಚೆ ಯುರೋಪಿನ ಸುತ್ತಲೇ ಸುತ್ತುತ್ತಿದೆ. ಇದೇ ಕಾಲದಲ್ಲಿ ಏಷ್ಯಾದಲ್ಲಿಯೂ ಬಹುಕ್ರೀಡಾ ಕೂಟಗಳು ಆರಂಭವಾದವು. 1913ರಲ್ಲಿ ಮನಿಲಾದಲ್ಲಿ, ವೈಎಂಸಿಎ ಎಂಬ ಕ್ರೈಸ್ತ ಯುವಜನ ಸಂಘದ ಎಲ್ವುಡ್ ಬ್ರೌನ್ ಅವರ ಮುಂದಾಳತ್ವದಲ್ಲಿ ಫಿಲಿಪ್ಪೀನ್ಸ್, ಚೀನಾ ಮತ್ತು ಜಪಾನ್ ಸೇರಿ ದೂರಪ್ರಾಚ್ಯ ಕ್ರೀಡಾಕೂಟವನ್ನು ನಡೆಸಿದವು. ಮೊದಲು ಅದಕ್ಕೂ ಒಲಿಂಪಿಕ್ ಹೆಸರನ್ನೇ ಇಟ್ಟುಕೊಂಡಿದ್ದರು, ನಂತರ ಬದಲಾಯಿಸಿದರು. 1934ರವರೆಗೆ ಹತ್ತು ಕೂಟಗಳು ನಡೆದವು. 1930ರ ಟೋಕಿಯೋ ಕೂಟದಲ್ಲಿ ಭಾರತದ ಪುಟ್ಟ ತಂಡವೂ ಇತ್ತು. ಜಪಾನ್ ಚೀನಾದಿಂದ ಕಸಿದು ಹಿಡಿದಿಟ್ಟಿದ್ದ ಮಂಚೂರಿಯಾವನ್ನು ಪ್ರತ್ಯೇಕ ದೇಶವೆಂದು ಸೇರಿಸಲು ಹಟ ಹಿಡಿದಾಗ ಚೀನಾ ಒಪ್ಪಲಿಲ್ಲ, ಸಂಘಟನೆಯೇ ಒಡೆಯಿತು. ಓ’ಕಾನರ್ ಹತ್ತಿದ ಕಂಬದ ಸಮಸ್ಯೆ ಇಲ್ಲಿ ಇಡೀ ಕೂಟವನ್ನೇ ನುಂಗಿತು.

ಕಡತಪ್ರಿಯ

ಎಲ್ಲರಿಗೂ ವಂದನೆಗಳು. ಓದಿದ ಮೇಲೆ ನನಗೆ ಅನ್ನಿಸುವುದಿಷ್ಟು: ಪ್ರಿಚರ್ಡ್‌ನ ಎರಡು ಸ್ಥಾನಗಳನ್ನು ದಾಖಲೆಯಲ್ಲಿ ಇಡಲಿ, ದೇಶದ ಕಾಲಂನ ಪಕ್ಕದಲ್ಲಿ ಒಂದು ಟಿಪ್ಪಣಿ ಇರಲಿ. ಹೊಸಬರಿಗೆ ಹೇಳುವಾಗ ಚೌಗುಲೆಯವರ ತಂಡವನ್ನು ಮೊದಲು ಹೇಳೋಣ. ಪೂರ್ವದಿಕ್ಕು ಅವರೇ, ದೂರಪ್ರಾಚ್ಯ ಕೂಟ ಒಡೆದ ಅದೇ 1934ರಲ್ಲಿ ದೆಹಲಿಯಲ್ಲಿಯೂ ಒಂದು ಕೂಟ ನಡೆದಿತ್ತಲ್ಲವೇ?

ಪೂರ್ವದಿಕ್ಕು

ಹೌದು, ಪಶ್ಚಿಮ ಏಷ್ಯಾ ಕ್ರೀಡಾಕೂಟ. ಗುರುದತ್ ಸೋಂಧಿಯವರ ಪ್ರಯತ್ನದಿಂದ ದೆಹಲಿ ಮತ್ತು ಪಟಿಯಾಲಾಗಳಲ್ಲಿ ನಡೆಯಿತು. ಭಾರತ, ಅಫ್ಘಾನಿಸ್ತಾನ, ಸಿಲೋನ್ ಮತ್ತು ಪ್ಯಾಲೆಸ್ಟೈನ್ ಭಾಗವಹಿಸಿದ್ದವು. ಎರಡನೆಯದು 1938ರಲ್ಲಿ ಪ್ಯಾಲೆಸ್ಟೈನ್‌ನಲ್ಲಿ ಆಗಬೇಕಿತ್ತು, ಆಗಲಿಲ್ಲ. ದೆಹಲಿಯ ಸ್ಪರ್ಧೆಗಳು ನಡೆದ ಇರ್ವಿನ್ ಆಂಫಿಥಿಯೇಟರ್ ಮುಂದೆ ನ್ಯಾಷನಲ್ ಸ್ಟೇಡಿಯಂ ಆಯಿತು, 1951ರ ಮಾರ್ಚ್‌ನಲ್ಲಿ ಹನ್ನೊಂದು ದೇಶಗಳ ಮೊದಲ ಏಷ್ಯನ್ ಗೇಮ್ಸ್‌ಗೆ ಅದೇ ಅಂಗಳವಾಯಿತು, ಅದರ ಹಿಂದೆಯೂ ಇದ್ದವರು ಸೋಂಧಿಯವರೇ. 1934ರಲ್ಲಿ ಗೆದ್ದವರ ಹೆಸರುಗಳನ್ನು ಏಷ್ಯನ್ ಗೇಮ್ಸ್ ಪಟ್ಟಿಗಳಲ್ಲಿ ಹುಡುಕಬೇಡಿ, ಅಲ್ಲಿ ಎಣಿಕೆ 1951ರಿಂದಲೇ ಶುರುವಾಗುತ್ತದೆ.